ಅರೆಮಂಡಿಗೆ ಕೂತರೆ ತಲೆ ಕಾಣಲ್ಲ!

ಹೋದ ಸಂಚಿಕೆಯಲ್ಲಿ ‘ವೈಜಯಂತಿಮಾಲಾ ಮೊದಲು ನೃತ್ಯಗಾರ್ತಿ, ಆಮೇಲೆ ನಟಿ’ ಅಂತ ಒಂದೇ ಒಂದು ಸಾಲು ಬರೆದಿದ್ದೆ. ಅಷ್ಟಕ್ಕೇ ಜೇನುಗೂಡಿಗೆ ಕಲ್ಲು ಹೊಡೆದ ಹಾಗಾಯಿತು. ಒಪ್ಪಿದವರು, ಜಗಳಕ್ಕೆ ಬಂದವರು, ಅದೇ ನೆಪದಲ್ಲಿ ಮನೆಯ ತಾಪತ್ರಯ ಹೇಳಿಕೊಂಡವರು, ಎಲ್ಲರೂ ಇದ್ದಾರೆ. ಹಾಗಾಗಿ ಈ ಸಲ ಪೂರ್ತಿ ಅಂಕಣ ಡ್ಯಾನ್ಸು ಮತ್ತು ಸಿನಿಮಾಕ್ಕೇ. ರಂಗಪ್ರವೇಶದ ಖರ್ಚು, ಮೇಕಪ್ ಅಲರ್ಜಿ ಅಂತೆಲ್ಲ ಕೇಳಿದವರು ಇನ್ನೊಂದು ತಿಂಗಳು ತಡೆದುಕೊಳ್ಳಿ.

ಪ್ರಶ್ನೆ: ನಮ್ಮ ತಲೆಮಾರಿಗೆ ವೈಜಯಂತಿಮಾಲಾ ಅಂದರೆ ಸಿನಿಮಾ, ಸಿನಿಮಾ ಅಂದರೆ ವೈಜಯಂತಿಮಾಲಾ. ನಾನು ಕಾಲೇಜಿಗೆ ಚಕ್ಕರ್ ಹೊಡೆದು ‘ಜ್ಯುವೆಲ್ ಥೀಫ್’ ನೋಡಿದವನು. ಅಷ್ಟು ದೊಡ್ಡ ತಾರೆಯನ್ನು ‘ಮೊದಲು ನೃತ್ಯಗಾರ್ತಿ’ ಅನ್ನುವುದು ನಿಮ್ಮ ಭರತನಾಟ್ಯದವರ ಒಣ ಜಂಬ ಅಲ್ಲವೇ? (ನಿವೃತ್ತ ಬ್ಯಾಂಕ್ ನೌಕರರು, ಮೈಸೂರು)

ಉತ್ತರ: ಜಂಬ ನಮಗೆ ಇದೆ, ಒಪ್ಪಿದೆ. ಆದರೆ ನೀವು ಬ್ಯಾಂಕಿನವರು, ಬನ್ನಿ ಲೆಕ್ಕವನ್ನೇ ಹಾಕೋಣ. ಅವರು ಹುಟ್ಟಿದ್ದು 1933ರಲ್ಲಿ, ಮದ್ರಾಸಿನ ಟ್ರಿಪ್ಲಿಕೇನಿನಲ್ಲಿ. ಮೊದಲ ಸಿನಿಮಾ, ಎವಿಎಂ ಅವರ ತಮಿಳು ‘ವಾಳ್ಕೈ’, ಬಂದದ್ದು 1949ರಲ್ಲಿ. ಕೊನೆಯದು 1970ರ ‘ಗಂವಾರ್’. ಅಲ್ಲಿಗೆ ಸಿನಿಮಾದ ಖಾತೆ ಇಪ್ಪತ್ತೊಂದು ವರ್ಷಕ್ಕೆ ಬಂದ್. ಇನ್ನು ಡ್ಯಾನ್ಸಿನ ಖಾತೆ? ಪುಟ್ಟ ಹುಡುಗಿಯಾಗಿದ್ದಾಗ ವ್ಯಾಟಿಕನ್ನಿನಲ್ಲಿ ಪೋಪ್ ಎದುರು ಕುಣಿದದ್ದರಿಂದ ಶುರು ಮಾಡಿದರೆ 2024ರಲ್ಲಿ ಅಯೋಧ್ಯೆಯಲ್ಲಿ ಕುಣಿದದ್ದರವರೆಗೆ ಎಂಟು ದಶಕ ದಾಟುತ್ತದೆ. ಅಯೋಧ್ಯೆಯಲ್ಲಿ ಅವರಿಗೆ ತೊಂಬತ್ತು ವರ್ಷ. ಆ ವಯಸ್ಸಿಗೆ ನಮ್ಮ ಮನೆಗಳಲ್ಲಿ ಅಜ್ಜಿಯನ್ನು ಮಂಚದಿಂದ ಇಳಿಸೋದಕ್ಕೆ ಇಬ್ಬರು ಬೇಕು.

ಇನ್ನೊಂದು ವಿಷಯ. ಮದುವೆಯಾಗಿದ್ದು 1968ರಲ್ಲಿ, ಡಾಕ್ಟರ್ ಬಾಲಿ ಅವರ ಜೊತೆ. ಆಮೇಲೆ ಸಿನಿಮಾ ಬಿಟ್ಟರು. ಅಷ್ಟು ಹೊತ್ತಿಗೆ ‘ಸಾಧನಾ’, ‘ಗಂಗಾ ಜಮುನಾ’, ‘ಸಂಗಮ್’ ಮೂರಕ್ಕೂ ಫಿಲ್ಮ್‌ಫೇರ್ ಶ್ರೇಷ್ಠ ನಟಿ ಪ್ರಶಸ್ತಿ ಮನೆಯಲ್ಲಿತ್ತು. ಅದಕ್ಕೂ ಮೊದಲು ‘ದೇವದಾಸ್’ನ ಚಂದ್ರಮುಖಿಗೆ ಪೋಷಕ ನಟಿ ಅಂತ ಕೊಟ್ಟ ಪ್ರಶಸ್ತಿಯನ್ನು, ನನ್ನದು ಪೋಷಕ ಪಾತ್ರ ಅಲ್ಲ ಅಂತ ವಾಪಸ್ ಕಳಿಸಿದ್ದರು. (ಇಪ್ಪತ್ತು ದಾಟಿ ಎರಡು ಮೂರು ವರ್ಷವಾದ ಹುಡುಗಿಗೆ ಆ ಧೈರ್ಯ ನೋಡಿ!) ಅಂಥವರು ಕೆಲಸ ಬಿಟ್ಟ ಮೇಲೆ ಏನು ಮಾಡಬಹುದಿತ್ತು? ಹಳೆಯ ಸಿನಿಮಾ ಹಾಡಿಗೆ ಅಲ್ಲಿ ಇಲ್ಲಿ ಎರಡು ಹೆಜ್ಜೆ ಹಾಕಿ, ಚಪ್ಪಾಳೆ ತಗೊಂಡು, ಆರಾಮಾಗಿ ಇರಬಹುದಿತ್ತು. ಅವರು ಹೋಗಿ ಕೂತಿದ್ದು ತಂಜಾವೂರಿನ ಕಿಟ್ಟಪ್ಪ ಪಿಳ್ಳೈ ಮುಂದೆ, ಹಳೆಯ ವರ್ಣಗಳನ್ನು, ಅಂದರೆ ಕಛೇರಿಯ ನಡುವಿನ ದೊಡ್ಡ ನೃತ್ಯಬಂಧಗಳನ್ನು, ಹುಡುಕಿಕೊಂಡು. ಕಿಟ್ಟಪ್ಪ ಪಿಳ್ಳೈ ಅಂದರೆ ತಂಜಾವೂರಿನ ನಾಲ್ವರು ಸಹೋದರರ ವಂಶದವರು. ಇವತ್ತು ನಮ್ಮ ಮಕ್ಕಳು ಮಾಡುವ ಕಛೇರಿಯ ಕ್ರಮ, ಅಲರಿಪು, ಜತಿಸ್ವರ, ಶಬ್ದ, ವರ್ಣ ಅಂತ, ಅದನ್ನು ಕಟ್ಟಿಕೊಟ್ಟವರು ಆ ನಾಲ್ವರೇ. ಅವರಲ್ಲಿ ಚಿನ್ನಯ್ಯ ಎಂಬವರು ನಿಮ್ಮೂರಿಗೇ ಬಂದಿದ್ದರು, ಮುಮ್ಮಡಿ ಕೃಷ್ಣರಾಜ ಒಡೆಯರ ಆಸ್ಥಾನಕ್ಕೆ. 1982ರಲ್ಲಿ ವೈಜಯಂತಿಮಾಲಾಗೆ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಬಂದಿದ್ದು ಭರತನಾಟ್ಯಕ್ಕೆ. ನಟನೆಗೆ ಅಲ್ಲ.

ಮೈಸೂರಿನವರು ಅಂದಿರಿ, ಅದಕ್ಕೇ ಇದನ್ನೂ ಹೇಳಿಬಿಡುತ್ತೇನೆ. ವೈಜಯಂತಿಮಾಲಾ ಅವರನ್ನು ಬೆಳೆಸಿದ ಅಜ್ಜಿಯ ಹೆಸರು ಯದುಗಿರಿ ದೇವಿ. ಯದುಗಿರಿ ಅಂದರೆ ಯಾವುದು? ನಮ್ಮ ಮೇಲುಕೋಟೆ. ಮಂಡಯಂ ಅಯ್ಯಂಗಾರರ ಮನೆಯಲ್ಲದೆ ಬೇರೆಲ್ಲಿ ಆ ಹೆಸರು ಇಡುತ್ತಾರೆ ಹೇಳಿ.

ಇಷ್ಟು ಸಾಲದಿದ್ದರೆ ಒಂದು ಕೆಲಸ ಮಾಡಿ. 1958ರ ‘ವಂಜಿಕೋಟ್ಟೈ ವಾಲಿಬನ್’ ಎಂಬ ತಮಿಳು ಸಿನಿಮಾದಲ್ಲಿ ಪದ್ಮಿನಿಗೂ ವೈಜಯಂತಿಮಾಲಾಗೂ ಒಂದು ನೃತ್ಯಸ್ಪರ್ಧೆ ಇದೆ, ಯೂಟ್ಯೂಬಿನಲ್ಲಿ ಸಿಗುತ್ತದೆ. ನೋಡುವಾಗ ಮುಖ ನೋಡಬೇಡಿ, ಫ್ರೇಮ್ ನೋಡಿ. ಡ್ಯಾನ್ಸ್ ಬರದ ನಾಯಕಿ ಇದ್ದರೆ ಸಂಕಲನಕಾರರು ಪಾಪ ಏನೇನೋ ಮಾಡಬೇಕಾಗುತ್ತದೆ. ಕಣ್ಣು ತೋರಿಸು, ದೀಪ ತೋರಿಸು, ಮೃದಂಗ ತೋರಿಸು, ಬೇರೆ ಯಾರದೋ ಪಾದ ತೋರಿಸು. ಇಲ್ಲಿ ಅಂಥ ಕಣ್ಕಟ್ಟು ಬೇಕಾಗೇ ಇಲ್ಲ. ತಲೆಯಿಂದ ಪಾದದವರೆಗೆ ಇಬ್ಬರೂ ಪೂರ್ತಿ ಕಾಣುತ್ತಾರೆ, ಏಕೆಂದರೆ ಇಬ್ಬರೂ ಕಲಿತವರು. ಪದ್ಮಿನಿ ಹಾವಿನ ಹಾಗೆ ಹರಿಯುತ್ತಾರೆ, ಇವರು ಬಾಣದ ಹಾಗೆ. ಯಾರು ಗೆದ್ದರು ಅಂತ ಮಾತ್ರ ಕೊನೆಗೂ ತೀರ್ಮಾನ ಆಗುವುದಿಲ್ಲ. ನನ್ನ ಓಟು ಪದ್ಮಿನಿಗೆ, ಈಗ ನೀವು ಇನ್ನೊಂದು ಪತ್ರ ಬರೆಯಿರಿ.

ಪ್ರಶ್ನೆ: ಮಗಳು ಭರತನಾಟ್ಯದ ವಿದ್ವತ್ ಪೂರ್ವ ಪರೀಕ್ಷೆ ಮುಗಿಸಿದ್ದಾಳೆ. ಒಂದು ಕನ್ನಡ ಸಿನಿಮಾದ ಹಾಡಿಗೆ ಗುಂಪಿನಲ್ಲಿ ಕುಣಿಯೋಕೆ ಕರೆದಿದ್ದಾರೆ, ಮುಂದಿನ ಸಾಲಿನಲ್ಲೇ ನಿಲ್ಲಿಸುತ್ತಾರಂತೆ. ಅವಳಿಗೆ ಆಸೆ. ಅವಳ ಟೀಚರ್ ಮಾತ್ರ ‘ಸಿನಿಮಾಕ್ಕೆ ಹೋದರೆ ಕ್ಲಾಸಿಗೆ ಬರಬೇಡ, ಅಂಗಶುದ್ಧ, ಅಂದರೆ ಕೈಕಾಲು ಮೈಯ ನಿಲುವಿನ ಅಚ್ಚುಕಟ್ಟು, ಕೆಡುತ್ತೆ’ ಅಂದಿದ್ದಾರೆ. ಯಾರ ಮಾತು ಕೇಳೋಣ? (ಒಬ್ಬ ತಾಯಿ, ಶಿವಮೊಗ್ಗ)

ಉತ್ತರ: ತಾಯಿ, ನನ್ನದೇ ಕಥೆ ಹೇಳುತ್ತೇನೆ, ಆಮೇಲೆ ನೀವೇ ನೋಡಿ. ಎಂಬತ್ತರ ದಶಕದ ಕೊನೆ. ಬೆಂಗಳೂರಿನ ಒಂದು ಸ್ಟುಡಿಯೋ. ದೇವಸ್ಥಾನದ ಸೆಟ್ಟು, ನಾವು ಹದಿನಾರು ಹುಡುಗಿಯರು, ಬೆಳಿಗ್ಗೆ ಆರಕ್ಕೆ ಮೇಕಪ್ಪು. ನನಗೆ ಹತ್ತೊಂಬತ್ತು ವರ್ಷ, ತಲೆ ತುಂಬ ಗರ್ವ. ಮೊದಲ ಶಾಟ್. ಹಾಡು ಹಾಕಿದರು, ನಾನು ನನ್ನ ಗುರುಗಳು ನೋಡಿದರೆ ಹೆಮ್ಮೆ ಪಡಬೇಕು ಅಂತ ನೀಟಾಗಿ ಮಂಡಿಗಳನ್ನು ಪಕ್ಕಕ್ಕೆ ಬಗ್ಗಿಸಿ ಅರೆಮಂಡಿಗೆ, ಅಂದರೆ ಅರ್ಧ ಕೂತ ಭಂಗಿಗೆ, ಕೂತೆ. ಕ್ಯಾಮೆರಾಮನ್ ಕೂಗಿದರು: “ಏ ಹಸಿರು ಸೀರೆ, ಮೇಲೆ ಏಳಮ್ಮ, ತಲೇನೇ ಕಾಣ್ತಿಲ್ಲ!” ಅವರು ಫ್ರೇಮ್ ಇಟ್ಟಿದ್ದು ಸೊಂಟದಿಂದ ಮೇಲಕ್ಕೆ, ನಿಂತವರ ಎತ್ತರಕ್ಕೆ. ಉಳಿದ ಹದಿನೈದು ಜನ ಅರ್ಧಂಬರ್ಧ ಮಂಡಿ ಬಗ್ಗಿಸಿ ಚೆನ್ನಾಗಿ ಕಾಣುತ್ತಿದ್ದರು. ಸರಿಯಾಗಿ ಕೂತವಳು ನಾನೊಬ್ಬಳೇ ಫ್ರೇಮಿನಿಂದ ಹೊರಗೆ.

ಅವತ್ತು ಇನ್ನೂ ಏನೇನೋ ಗೊತ್ತಾಯಿತು. ಗೆಜ್ಜೆ ಕಟ್ಟಿಕೊಂಡಿದ್ದೆವಲ್ಲ, ಅದರ ಸದ್ದು ಯಾರಿಗೂ ಬೇಕಿಲ್ಲ. ಸಿನಿಮಾದಲ್ಲಿ ಕೇಳುವ ಗೆಜ್ಜೆ ರೆಕಾರ್ಡಿಂಗ್ ಥಿಯೇಟರಿನಲ್ಲಿ ಬೇರೆಯವರ ಕೈಯಲ್ಲಿ ಕುಣಿದದ್ದು. ಹಾಡನ್ನು ಮೊದಲಿನಿಂದ ಕೊನೆಯವರೆಗೆ ತೆಗೆಯುವುದೂ ಇಲ್ಲ. ಬೆಳಿಗ್ಗೆ ಎರಡನೇ ಚರಣ, ಮಧ್ಯಾಹ್ನ ಪಲ್ಲವಿ, ಲೈಟು ಬದಲಾಯಿಸಿದ ಮೇಲೆ ಮತ್ತೆ ಚರಣದ ಎರಡು ಸಾಲು. ತಕಧಿಮಿ ಯಾರೂ ಹೇಳಲ್ಲ, ಒನ್ ಟೂ ತ್ರೀ ಫೋರ್ ಅಂತ ಎಂಟರವರೆಗೆ ಎಣಿಕೆ, ಮುಗಿಯಿತು. ಒಂದೇ ಎಂಟು ಎಣಿಕೆಯನ್ನು ಇಪ್ಪತ್ತು ಸಲ ಮಾಡಿಸುತ್ತಾರೆ. ಇಪ್ಪತ್ತನೇ ಸಲವೂ ಮೊದಲನೇ ಸಲದಷ್ಟೇ ನಗು ಇರಬೇಕು, ಮುಡಿದ ಹೂವು ಅದೇ ಜಾಗದಲ್ಲಿ ಇರಬೇಕು. ಸೆಟ್ಟಿನ ನೆಲ ಬೇರೆ ಪ್ಲೈವುಡ್ಡು, ಮೇಲೆ ಮಿರಿಮಿರಿ ಮಿಂಚುವ ಬಣ್ಣ, ಕಾಲಿಟ್ಟರೆ ಜಾರಿಕೆ. ಸಂಜೆಗೆ ಇಬ್ಬರು ಬಿದ್ದಿದ್ದರು. ಕೊಡಬೇಕಾದ ದುಡ್ಡಿನಲ್ಲಿ ಅರ್ಧ ಕೊಟ್ಟರು, ಉಳಿದರ್ಧ ಇವತ್ತಿಗೂ ಬಂದಿಲ್ಲ.

ಕಲಿತದ್ದು ಕೆಟ್ಟಿತೇ? ನನ್ನ ಅಂಗಶುದ್ಧ ಕೆಡಲಿಲ್ಲ, ಮೂರು ದಿನದಲ್ಲಿ ಕೆಡುವಂಥದ್ದಾದರೆ ಅದು ಇರಲೇ ಇಲ್ಲ ಅಂತ ಅರ್ಥ. ಆದರೆ ಇದು ಬೇರೆ ಕಸುಬು ಅನ್ನೋದು ಗೊತ್ತಾಯಿತು. ವೇದಿಕೆಯಲ್ಲಿ ಒಂದು ವರ್ಣ ಮುಕ್ಕಾಲು ಗಂಟೆ ಹೋಗಬಹುದು, ನಡುವೆ ಕಟ್ ಇಲ್ಲ, ಉಸಿರನ್ನು ಕೊನೆಯ ತೀರ್ಮಾನದವರೆಗೆ, ಅಂದರೆ ಮುಕ್ತಾಯದ ಹೆಜ್ಜೆಗಳವರೆಗೆ, ಉಳಿಸಿಕೊಳ್ಳಬೇಕು, ತಪ್ಪಿದರೆ ತಪ್ಪಿದಲ್ಲಿಂದಲೇ ಎದ್ದು ಹೋಗಬೇಕು. ಸಿನಿಮಾ ಕೇಳುವುದು ಹತ್ತು ಸೆಕೆಂಡಿನ ಉಸಿರು. ವೇದಿಕೆಯಲ್ಲಿ ಕೊನೆಯ ಸಾಲಿನ ಅಜ್ಜನಿಗೂ ಕಾಣುವ ಹಾಗೆ ಕಣ್ಣು ಬಿಡುತ್ತೇವೆ, ಅದೇ ಕಣ್ಣನ್ನು ಕ್ಲೋಸಪ್ಪಿನಲ್ಲಿ ಬಿಟ್ಟರೆ ಮಕ್ಕಳು ಹೆದರುತ್ತಾರೆ. ಎರಡೂ ಕಲಿಯಬಹುದು. ಒಂದನ್ನು ಕಲಿತು ಇನ್ನೊಂದು ತಾನೇ ಬರುತ್ತದೆ ಅಂದುಕೊಂಡವರು ಎರಡು ಕಡೆಯೂ ಪೇಚಾಡುತ್ತಾರೆ.

ಕಳಿಸಿ. ಆದರೆ ಟೀಚರ್‌ಗೆ ಹೇಳಿಯೇ ಕಳಿಸಿ, ಕದ್ದು ಬೇಡ. ಎಷ್ಟು ದಿನ, ಎಷ್ಟು ದುಡ್ಡು, ರಾತ್ರಿ ಮನೆಗೆ ಬಿಡುವವರು ಯಾರು, ಯಾವ ಬಟ್ಟೆ, ಎಲ್ಲ ಮೊದಲೇ ಬರೆಸಿಕೊಳ್ಳಿ. ಕಡೇಪಕ್ಷ ಮೊದಲ ದಿನ ನೀವೂ ಜೊತೆಗೆ ಹೋಗಿ. ಅಂತಿಮ ಪರೀಕ್ಷೆಯ ತಾರೀಕು ಎದುರಿಗಿದ್ದರೆ ಮಾತ್ರ ಈ ಹಾಡು ಬಿಟ್ಟುಬಿಡಲಿ, ಇನ್ನೊಂದು ಹಾಡು ಬರುತ್ತೆ. ಮುಂದಿನ ಸಾಲು ಅಂತ ಹೇಳಿದ್ದಾರಲ್ಲ, ಅದನ್ನು ನಂಬಬೇಡಿ. ಎಲ್ಲರಿಗೂ ಹಾಗೇ ಹೇಳಿರುತ್ತಾರೆ.

ಪ್ರಶ್ನೆ: ನಾನು ಹುಡುಗ, ಡಿಗ್ರಿ ಎರಡನೇ ವರ್ಷ, ಎಂಟು ವರ್ಷದಿಂದ ಭರತನಾಟ್ಯ. ಫ್ರೆಂಡ್ಸ್ ಕಿಚಾಯಿಸುತ್ತಾರೆ. ಭರತನಾಟ್ಯದ ಹುಡುಗ ಸಿನಿಮಾದಲ್ಲಿ ಹೀರೋ ಆಗಲು ಸಾಧ್ಯವೇ? ಪ್ರಭುದೇವ ಬಿಟ್ಟು ಇನ್ನೊಂದು ಹೆಸರು ಹೇಳಿ ನೋಡೋಣ. (ಧಾರವಾಡ)

ಉತ್ತರ: ಸವಾಲಾ ತಮ್ಮಾ? ತಗೋ. ಶ್ರೀಧರ್. ಮನೆಯಲ್ಲಿ ಅಪ್ಪ ಅಮ್ಮನ ಮುಂದೆ ಈ ಹೆಸರು ಹೇಳಿ ನೋಡು, ತಕ್ಷಣ ‘ಸಂತ ಶಿಶುನಾಳ ಶರೀಫ’ ಅಂತಾರೆ. ನಾಗಾಭರಣ ಅವರ ಸಿನಿಮಾ, ಗುರು ಗೋವಿಂದ ಭಟ್ಟರಾಗಿ ಗಿರೀಶ್ ಕಾರ್ನಾಡ್, ಶರೀಫರಾಗಿ ಶ್ರೀಧರ್. ಆ ಸಿನಿಮಾಕ್ಕೆ ರಾಷ್ಟ್ರೀಯ ಭಾವೈಕ್ಯದ ನರ್ಗಿಸ್ ದತ್ ಪ್ರಶಸ್ತಿ ಬಂತು. ಅದಕ್ಕೂ ಮೊದಲು, 1984ರಲ್ಲೇ, ಪುಟ್ಟಣ್ಣ ಕಣಗಾಲರ ‘ಅಮೃತ ಘಳಿಗೆ’ಯಲ್ಲಿ ಅವರಿದ್ದರು. ಪುಟ್ಟಣ್ಣ ಯಾರನ್ನೂ ಸುಮ್ನೆ ಆರಿಸುತ್ತಿರಲಿಲ್ಲ.

ಶರೀಫರ ಪಾತ್ರದಲ್ಲಿ ಭರತನಾಟ್ಯ ಎಲ್ಲಿದೆ ಅಂತ ಕೇಳುತ್ತೀಯಾ. ಇಲ್ಲ, ಕಾಣುವುದಿಲ್ಲ, ಅದೇ ವಿಶೇಷ. ಏಕತಾರಿ ಹಿಡಿದು ನಡೆಯುವ ಆ ನಡಿಗೆ, ಕತ್ತು ತಿರುಗಿಸುವ ನಿಧಾನ, ಕೈ ಎತ್ತಿದರೆ ಬೆರಳ ತುದಿವರೆಗೆ ಜೀವ ಇರುವುದು, ಇದೆಲ್ಲ ಸಂಚಾರಿ ಭಾವ (ಒಂದೇ ಸಾಲನ್ನು ಬಗೆಬಗೆಯಾಗಿ ಅಭಿನಯಿಸುವುದು) ಮಾಡಿ ಮಾಡಿ ಬಂದ ಮೈ. ಮುದ್ರೆ ಹಿಡಿದರೆ ಮಾತ್ರ ಡ್ಯಾನ್ಸರ್ ಅಂತ ಅಲ್ಲ. ಸಿನಿಮಾ ಕಡಿಮೆಯಾದ ಮೇಲೂ ಅವರು ಖಾಲಿ ಕೂರಲಿಲ್ಲ. ಹೆಂಡತಿ ಅನುರಾಧಾ ಕೂಡ ನೃತ್ಯಗಾರ್ತಿ. ಇಬ್ಬರೂ ಸೇರಿ ಬೆಂಗಳೂರಿನಲ್ಲಿ ಪಾಠ ಹೇಳುತ್ತ, ವೇದಿಕೆಯಲ್ಲಿ ಜೋಡಿಯಾಗಿ ಕುಣಿಯುತ್ತ ಬಂದವರು.

ಪ್ರಭುದೇವ ಬಿಟ್ಟು ಅಂದೆ, ಆದರೂ ಬಿಡೋಕೆ ಮನಸ್ಸಿಲ್ಲ. ಅವರು ಮೈಸೂರಲ್ಲಿ ಹುಟ್ಟಿದವರು, 1973ರಲ್ಲಿ. ಅಪ್ಪ ಮೂಗೂರು ಸುಂದರ್, ದಕ್ಷಿಣದ ಭಾಷೆಗಳಲ್ಲೆಲ್ಲ ನೃತ್ಯ ನಿರ್ದೇಶಕರು. ತಿ. ನರಸೀಪುರದ ಹತ್ತಿರದ ಈ ಮೂಗೂರು ಸುಮ್ನೆ ಊರಲ್ಲ, ಮೈಸೂರು ಶೈಲಿಯ ಭರತನಾಟ್ಯದಲ್ಲಿ ಮೂಗೂರು ಜೇಜಮ್ಮ ಅಂತ ದೊಡ್ಡ ಹೆಸರೇ ಇದೆ. ಪ್ರಭುದೇವ ಮೊದಲು ಕಲಿತದ್ದು ಭರತನಾಟ್ಯವನ್ನೇ, ಗುರುಗಳಲ್ಲಿ ಒಬ್ಬರು ಉಡುಪಿ ಲಕ್ಷ್ಮೀನಾರಾಯಣ. ಇನ್ನೂ ಇಪ್ಪತ್ತು ತುಂಬುವ ಮೊದಲೇ ತಮಿಳು ಸಿನಿಮಾಗಳಿಗೆ ನೃತ್ಯ ಸಂಯೋಜಿಸುತ್ತಿದ್ದರು. 1994ರ ‘ಕಾದಲನ್’ ಬಂದಾಗ ನಾವೆಲ್ಲ ಇವನಿಗೆ ಮೂಳೆ ಇದೆಯಾ ಅಂದವರೇ. ಮೂಳೆ ಇತ್ತು, ಅದರ ಕೆಳಗೆ ತಾಳವೂ ಇತ್ತು. ಅವರು ಎಷ್ಟೇ ಬಳುಕಲಿ, ಪಾದ ನೆಲಕ್ಕೆ ಬೀಳುವ ಜಾಗ ಮಾತ್ರ ಎಣಿಕೆಯ ಮೇಲೇ. ಶ್ರೇಷ್ಠ ನೃತ್ಯ ನಿರ್ದೇಶನಕ್ಕೆ ರಾಷ್ಟ್ರಪ್ರಶಸ್ತಿ ಎರಡು ಸಲ, ಒಂದು ‘ಮಿನ್ಸಾರ ಕನವು’ಗೆ, ಇನ್ನೊಂದು ‘ಲಕ್ಷ್ಯ’ಕ್ಕೆ. 2019ರಲ್ಲಿ ಪದ್ಮಶ್ರೀ. ಕುಣಿಯುವವ, ಕುಣಿಸುವವ, ನಟ, ನಿರ್ದೇಶಕ ಅಂತ ಆಗಾಗ ಬಾಗಿಲು ಬದಲಾಯಿಸುತ್ತಲೇ ಬಂದರು, ಒಂದು ಮುಚ್ಚಿದಾಗ ಇನ್ನೊಂದು ತೆರೆದಿತ್ತು. ನೀನು ಹೀರೋ ಆಗುತ್ತೀಯೋ ಇಲ್ಲವೋ ನಾನು ಜ್ಯೋತಿಷಿ ಅಲ್ಲ. ಕಿಚಾಯಿಸುವವರಿಗೆ ಹತ್ತು ನಿಮಿಷ ಅರೆಮಂಡಿಯಲ್ಲಿ ಕೂರಲು ಹೇಳು. ಎರಡನೇ ನಿಮಿಷಕ್ಕೆ ತೊಡೆ ನಡುಗುತ್ತೆ, ಆಮೇಲೆ ಸುಮ್ಮನಾಗುತ್ತಾರೆ.

ಪ್ರಶ್ನೆ: ರೀಲ್ಸ್ ಮಾಡೋದೂ ಡ್ಯಾನ್ಸಾ ಮೇಡಂ? (ತುಮಕೂರು)

ಉತ್ತರ: ಮೂವತ್ತು ಸೆಕೆಂಡ್ ಡ್ಯಾನ್ಸು, ಹೌದು. ಚೆನ್ನಾಗಿ ಮಾಡಿದರೆ ನಾನೂ ಲೈಕ್ ಒತ್ತುತ್ತೇನೆ.

ಪ್ರಶ್ನೆ: ಮಲಯಾಳಂನ ‘ಮಣಿಚಿತ್ರತಾಳ್’ ನೋಡಿದ ಮೇಲೆ ಶೋಭನಾ ಹುಚ್ಚು ಹಿಡಿದಿದೆ. ರಾಷ್ಟ್ರಪ್ರಶಸ್ತಿ ಬಂದವರು ಆಮೇಲೆ ಅಷ್ಟು ಕಡಿಮೆ ಸಿನಿಮಾ ಮಾಡಿದ್ದೇಕೆ? ಅವಕಾಶ ಸಿಗಲಿಲ್ಲವೇ? (ಬೆಂಗಳೂರು)

ಉತ್ತರ: ಅವಕಾಶ ಇತ್ತು ಅಂತಲೇ ನನ್ನ ನಂಬಿಕೆ. ಇಸವಿಗಳನ್ನು ನೋಡಿ. ಆ ಸಿನಿಮಾ 1993ರದು. ಮಾರನೇ ವರ್ಷವೇ ಚೆನ್ನೈನಲ್ಲಿ ‘ಕಲಾರ್ಪಣ’ ಅಂತ ನೃತ್ಯಶಾಲೆ ತೆರೆದರು. ಬೇರೆಯವರಾಗಿದ್ದರೆ ಆ ವರ್ಷ ಕಾಲ್‌ಶೀಟ್ ಡೈರಿ ತುಂಬಿಸಿಕೊಳ್ಳುತ್ತಿದ್ದರು. ಅವರು ತಿರುವಾಂಕೂರು ಸಹೋದರಿಯರ, ಅಂದರೆ ಲಲಿತಾ, ಪದ್ಮಿನಿ, ರಾಗಿಣಿಯರ ಮನೆತನದ ಹುಡುಗಿ. ಡ್ಯಾನ್ಸು, ಸಿನಿಮಾ ಎರಡೂ ಆ ಮನೆಯಲ್ಲಿ ಹಳೆಯ ಪಾತ್ರೆಪಗಡದ ಹಾಗೆ ಇದ್ದವು. ಚಿತ್ರಾ ವಿಶ್ವೇಶ್ವರನ್, ಪದ್ಮಾ ಸುಬ್ರಹ್ಮಣ್ಯಂ ಇಬ್ಬರ ಹತ್ತಿರವೂ ಕಲಿತವರು. ಮುಂದೆ ಬೇಕಾದಾಗ ಸಿನಿಮಾಕ್ಕೆ ಬಂದರು, 2025ರಲ್ಲಿ ಮೋಹನ್‌ಲಾಲ್ ಜೊತೆ ಮತ್ತೆ ಬಂದರಲ್ಲ, ಹಾಗೆ. ಅದೇ ವರ್ಷ ಪದ್ಮಭೂಷಣವೂ ಬಂತು.

ಆ ಕೊನೆಯ ಹಾಡನ್ನು ಇನ್ನೊಮ್ಮೆ ನೋಡಿ, ಈ ಸಲ ಕೈಗಳನ್ನು. ಒಂದು ಶಾಟಿನಲ್ಲಿ ಒಡವೆ ತೊಟ್ಟ ನರ್ತಕಿ ನಾಗವಲ್ಲಿ, ಮುಂದಿನದರಲ್ಲಿ ತಾನೇ ಅವಳು ಅಂದುಕೊಂಡ, ಕೂದಲು ಕೆದರಿದ ಗಂಗಾ. ಬಟ್ಟೆ ಬದಲು, ಮುಖ ಬದಲು, ಕಣ್ಣು ಬದಲು. ಹಸ್ತ ಮಾತ್ರ ಎರಡರಲ್ಲೂ ಶುದ್ಧ. ಹುಚ್ಚು ಹಿಡಿದಿರುವುದು ಗಂಗಾಳ ಮನಸ್ಸಿಗೆ, ಒಳಗೆ ಕೂತ ನರ್ತಕಿಗೆ ಏನೂ ಆಗಿಲ್ಲ ಅಂತ ಹೇಳೋದಕ್ಕೆ ಅಲ್ಲಿ ಒಂದು ಮಾತೂ ಬೇಕಾಗಲಿಲ್ಲ. ಅಂದಹಾಗೆ ಆ ಹಾಡಿನಲ್ಲಿ ಅವರ ಜೊತೆ ಕುಣಿಯುವ ಗಂಡಸು ಯಾರು ಗೊತ್ತಾ? ಮೇಲೆ ಧಾರವಾಡದ ಹುಡುಗನಿಗೆ ಹೇಳಿದೆನಲ್ಲ, ಅದೇ ನಮ್ಮ ಶ್ರೀಧರ್.

ಪ್ರಶ್ನೆ: ಮದುವೆಗೆ ಮುಂಚೆ ಏಳೆಂಟು ವರ್ಷ ಸಿನಿಮಾ, ಸ್ಟೇಜ್ ಶೋ ಅಂತ ಕುಣಿದವಳು. ಈಗ ನಲವತ್ನಾಲ್ಕು, ಇಲ್ಲಿ ಮಸ್ಕತ್‌ನಲ್ಲಿ ಗೃಹಿಣಿ. ಶಾಸ್ತ್ರೀಯವಾಗಿ ಮತ್ತೆ ಶುರು ಮಾಡುವ ಆಸೆ. ಮಂಡಿ ನೋವು, ಜೊತೆಗೆ ‘ಸಿನಿಮಾದವಳು’ ಅನ್ನುವ ಹಣೆಪಟ್ಟಿ. ತಡವಾಯಿತೇ? (ಮಸ್ಕತ್)

ಉತ್ತರ: ಪದ್ಮಿನಿ ಮದುವೆಯಾಗಿ ಅಮೆರಿಕಕ್ಕೆ ಹೋದರು. 1977ರಲ್ಲಿ ನ್ಯೂಜೆರ್ಸಿಯಲ್ಲಿ ನೃತ್ಯಶಾಲೆ ತೆರೆದಾಗ ಅವರಿಗೆ ಹೆಚ್ಚುಕಡಿಮೆ ನಿಮ್ಮದೇ ವಯಸ್ಸು. ಅವರಿಗಿಂತ ದೊಡ್ಡ ‘ಸಿನಿಮಾದವಳು’ ಯಾರಿದ್ದರು ಹೇಳಿ. ಅಲ್ಲಿನ ಅಮ್ಮಂದಿರು ಆ ಹಣೆಪಟ್ಟಿ ನೋಡಿಯೇ ಮಕ್ಕಳನ್ನು ಕರೆದುಕೊಂಡು ಬಂದಿರಬೇಕು. ಹಾಗಾಗಿ ಅದನ್ನು ಅಳಿಸೋಕೆ ಹೋಗಬೇಡಿ.

ಮಂಡಿ ವಿಷಯ ಬೇರೆ. ಅದು ಹಟಕ್ಕೆ ಬಗ್ಗಲ್ಲ. ಮೊದಲು ಮೂಳೆ ಡಾಕ್ಟರಿಗೆ ತೋರಿಸಿ, ಆಮೇಲೆ ಗುರುಗಳಿಗೆ. ಪೂರ್ತಿ ಅರೆಮಂಡಿ ಬೇಡ ಅಂದರೆ ಬೇಸರ ಬೇಡ, ಅಭಿನಯ ಇದೆಯಲ್ಲ. ಮೈಸೂರು ಶೈಲಿಯ ಭರತನಾಟ್ಯದ ನಮ್ಮ ವೆಂಕಟಲಕ್ಷ್ಮಮ್ಮನವರು, ಜಟ್ಟಿ ತಾಯಮ್ಮನ ಶಿಷ್ಯೆ, 1906ರಲ್ಲಿ ಹುಟ್ಟಿ 2002ರವರೆಗೆ ಬದುಕಿದವರು, ಇಳಿವಯಸ್ಸಿನಲ್ಲಿ ಕುಳಿತಲ್ಲೇ ಜಾವಳಿ, ಅಂದರೆ ಶೃಂಗಾರದ ಹಾಡಿನ ಅಭಿನಯ, ಮಾಡುತ್ತಿದ್ದರು. ಹುಬ್ಬು ಒಂಚೂರು ಎತ್ತಿದರೆ ಸಾಕು, ಬಾಗಿಲಲ್ಲಿ ನಿಂತ ನಾಯಕ ನಮಗೂ ಕಾಣುತ್ತಿದ್ದ. ನಿಮಗೆ ಇನ್ನೊಂದು ಲಾಭ ಇದೆ. ಕ್ಯಾಮೆರಾ ಮುಂದೆ ನಿಂತವರಿಗೆ ಮುಖವನ್ನು ಎಷ್ಟು ಕಡಿಮೆ ಅಲ್ಲಾಡಿಸಬೇಕು ಅನ್ನೋದು ಗೊತ್ತಿರುತ್ತದೆ, ಪದ ಅನ್ನುವ ನಿಧಾನದ ಅಭಿನಯದ ಹಾಡಿಗೂ ಜಾವಳಿಗೂ ಅದೇ ಬೇಕು.

ಡಾಕ್ಟರು ಸರಿ ಅಂದರೆ ಮೊದಲ ತಿಂಗಳು ತಟ್ಟಡವು (ಪಾದ ತಟ್ಟುವ ಮೊದಲ ಪಾಠ), ಅದೂ ಒಂದನೇ ಕಾಲದಲ್ಲಿ, ಅಂದರೆ ನಿಧಾನ ಗತಿಯಲ್ಲಿ ಮಾತ್ರ. ಎರಡನೇ ಕಾಲಕ್ಕೆ ಕಾಲು ಎಳೆಯುತ್ತೆ, ಹಳೆಯ ಅಭ್ಯಾಸ ಕರೆಯುತ್ತೆ, ಹೋಗಬೇಡಿ. ನಿಮ್ಮದು ಫ್ಲಾಟು ಅಂದುಕೊಂಡಿದ್ದೇನೆ. ಟೈಲ್ಸ್ ನೆಲದ ಮೇಲೆ ತಟ್ಟಬೇಡಿ, ದಪ್ಪ ರಬ್ಬರ್ ಮ್ಯಾಟ್ ಹಾಸಿಕೊಳ್ಳಿ. ಮಂಡಿಗೂ ಒಳ್ಳೇದು, ಕೆಳಗಿನ ಮನೆಯವರು ಬಾಗಿಲು ಬಡಿಯೋದೂ ತಪ್ಪುತ್ತೆ.